ಚದುರಂಗವೇ ಜೀವನೋಪಾಯವಾಗಬಲ್ಲದೇ? ಓದುಗರ ಪ್ರಶ್ನೆಗಳಿಗೆ ಉತ್ತರ

2024ರ ಡಿಸೆಂಬರ್ 12ರಂದು ಸಿಂಗಪುರದಲ್ಲಿ ಡಿ. ಗುಕೇಶ್ ತಮ್ಮ 18ನೆಯ ವಯಸ್ಸಿನಲ್ಲಿ ವಿಶ್ವ ಚಾಂಪಿಯನ್ ಆದ ಮೇಲೆ ಈ ಅಂಕಣಕ್ಕೆ ಬರುವ ಪತ್ರಗಳ ಸ್ವರೂಪ ಬದಲಾಗಿದೆ. ಮೊದಲು ಆಟದ ನಿಯಮಗಳ ಬಗ್ಗೆ ಕೇಳುತ್ತಿದ್ದವರು ಈಗ ಆಟಗಾರನ ಬದುಕಿನ ಬಗ್ಗೆ ಕೇಳುತ್ತಿದ್ದಾರೆ. ಈ ಸಂಚಿಕೆಯಲ್ಲಿ ಶಿವಮೊಗ್ಗ ಜಿಲ್ಲೆಯಿಂದ ಬಂದ ಐದು ಪತ್ರಗಳಿಗೆ ಉತ್ತರಿಸಿದ್ದೇನೆ. ಬರೆದವರ ಕೋರಿಕೆಯಂತೆ ಹೆಸರುಗಳನ್ನು ಪ್ರಕಟಿಸಿಲ್ಲ.

ಪ್ರಶ್ನೆ: ನನ್ನ ಮಗನಿಗೆ 11 ವರ್ಷ. ಕಳೆದ ವರ್ಷ ಮೊದಲ ಬಾರಿಗೆ ರೇಟಿಂಗ್ ಬಂದಿದ್ದು, ಈಗ 1650 ಇದೆ. ಶಾಲೆ ಬಿಡಿಸಿ ಚೆನ್ನೈಗೆ ಕಳಿಸಿದರೆ ಗ್ರ್ಯಾಂಡ್‌ಮಾಸ್ಟರ್ ಆಗುತ್ತಾನೆಂದು ಅವನ ಕೋಚ್ ಹೇಳುತ್ತಾರೆ. ತೋಟದಲ್ಲಿ ಒಂದು ಎಕರೆ ಮಾರಿಯಾದರೂ ಕಳಿಸಲೇ? ಗ್ರ್ಯಾಂಡ್‌ಮಾಸ್ಟರ್ ಆದವರಿಗೆ ಸಂಬಳ ಎಷ್ಟು ಬರುತ್ತದೆ? (ಅಡಿಕೆ ಬೆಳೆಗಾರರು, ತೀರ್ಥಹಳ್ಳಿ ತಾಲ್ಲೂಕು)

ಉತ್ತರ: ನಿಮ್ಮ ಕೊನೆಯ ಪ್ರಶ್ನೆಯನ್ನೇ ಮೊದಲು ತೆಗೆದುಕೊಳ್ಳುತ್ತೇನೆ, ಏಕೆಂದರೆ ಉಳಿದ ನಿರ್ಧಾರಗಳೆಲ್ಲ ಅದರ ಮೇಲೆಯೇ ನಿಂತಿವೆ. ಗ್ರ್ಯಾಂಡ್‌ಮಾಸ್ಟರ್ ಎಂಬುದು ಜೀವಮಾನದ ಬಿರುದು, ಅದಕ್ಕೆ ಸಂಬಳವಿಲ್ಲ. ಅಂತಾರಾಷ್ಟ್ರೀಯ ಚೆಸ್ ಸಂಸ್ಥೆಯಾದ ಫಿಡೆ ಈ ಬಿರುದನ್ನು ಕೊಡಬೇಕಾದರೆ ಆಟಗಾರನ ರೇಟಿಂಗ್, ಎಂದರೆ ಟೂರ್ನಿಗಳ ಫಲಿತಾಂಶದಿಂದ ಲೆಕ್ಕ ಹಾಕಿದ ಅವನ ಆಟದ ಮಟ್ಟದ ಅಂಕ, ಒಮ್ಮೆಯಾದರೂ 2500 ಮುಟ್ಟಿರಬೇಕು ಮತ್ತು ಅವನು ಮೂರು ನಾರ್ಮ್‌ಗಳನ್ನು ಗಳಿಸಿರಬೇಕು. ನಾರ್ಮ್ ಸಿಗಬೇಕಾದರೆ ಸಾಮಾನ್ಯವಾಗಿ 9 ಸುತ್ತುಗಳ ಟೂರ್ನಿಯೊಂದರಲ್ಲಿ 2600 ರೇಟಿಂಗ್‌ನವರ ಮಟ್ಟದಲ್ಲಿ ಆಡಿ ತೋರಿಸಬೇಕು. ಎದುರಾಳಿಗಳಲ್ಲಿ ಕನಿಷ್ಠ ಮೂವರು ಗ್ರ್ಯಾಂಡ್‌ಮಾಸ್ಟರ್‌ಗಳಿರಬೇಕು, ಎದುರಾಳಿಗಳು ಬೇರೆ ಬೇರೆ ದೇಶಗಳವರಾಗಿರಬೇಕು, ಅವರ ಸರಾಸರಿ ರೇಟಿಂಗ್ 2380ಕ್ಕಿಂತ ಕಡಿಮೆ ಇರಬಾರದು. ಇಂಥ ಎದುರಾಳಿಗಳು ಒಟ್ಟಾಗಿ ಸಿಗುವ ಟೂರ್ನಿಗಳನ್ನು ಹುಡುಕಿಕೊಂಡು ನಮ್ಮ ಹುಡುಗರು ಹಂಗೇರಿ, ಸರ್ಬಿಯಾ, ಸ್ಪೇನ್ ಮುಂತಾದ ದೇಶಗಳಿಗೆ ಹೋಗುತ್ತಾರೆ. ವೀಸಾ, ವಿಮಾನ, ವಾರಗಟ್ಟಲೆಯ ವಸತಿ, ಜೊತೆಗೆ ಹೋಗುವ ತಂದೆ ಅಥವಾ ತಾಯಿಯ ಖರ್ಚು ಎಲ್ಲವೂ ಮನೆಯವರದ್ದೇ, ಮತ್ತು ಅರ್ಧ ಪಾಯಿಂಟ್‌ನಲ್ಲಿ ನಾರ್ಮ್ ತಪ್ಪಿದರೆ ಅದೇ ಖರ್ಚನ್ನು ಇನ್ನೊಮ್ಮೆ ಮಾಡಬೇಕಾಗುತ್ತದೆ.

ಹಾಗಾದರೆ ಆಟಗಾರರು ಜೀವನ ನಡೆಸುವುದು ಹೇಗೆ? ಮೇಲ್ತುದಿಯ ಅಂಕಿಗಳು ನಿಜಕ್ಕೂ ದೊಡ್ಡವು. ಗುಕೇಶ್ ಮತ್ತು ಡಿಂಗ್ ಲಿರೆನ್ ನಡುವಿನ ವಿಶ್ವ ಚಾಂಪಿಯನ್‌ಷಿಪ್‌ನ ಒಟ್ಟು ಬಹುಮಾನ 25 ಲಕ್ಷ ಡಾಲರ್ ಆಗಿತ್ತು. 2023ರಲ್ಲಿ ಬಾಕು ನಗರದಲ್ಲಿ ನಡೆದ ವಿಶ್ವಕಪ್‌ನಲ್ಲಿ ಗೆದ್ದ ಮ್ಯಾಗ್ನಸ್ ಕಾರ್ಲ್‌ಸನ್‌ಗೆ 1,10,000 ಡಾಲರ್, ಫೈನಲ್‌ನಲ್ಲಿ ಸೋತ ಪ್ರಜ್ಞಾನಂದನಿಗೆ 80,000 ಡಾಲರ್ ನಿಗದಿಯಾಗಿತ್ತು. ಅದೇ ಟೂರ್ನಿಯಲ್ಲಿ ಮೊದಲ ಸುತ್ತಿನಲ್ಲೇ ಸೋತು ಹೊರಬಿದ್ದವರ ಪಾಲು 3,750 ಡಾಲರ್. ಆ ಮೊದಲ ಸುತ್ತಿಗೆ ಅರ್ಹತೆ ಪಡೆಯುವುದೇ ಅನೇಕ ಗ್ರ್ಯಾಂಡ್‌ಮಾಸ್ಟರ್‌ಗಳ ಪಾಲಿಗೆ ವರ್ಷಗಳ ಶ್ರಮವೆಂಬುದನ್ನು ಗಮನಿಸಿ. ಬಹುಮಾನದ ಹಣವೊಂದರಿಂದಲೇ ನೆಮ್ಮದಿಯಾಗಿ ಬದುಕುವವರು ಜಗತ್ತಿನಲ್ಲಿ ಕೆಲವೇ ಹತ್ತಾರು ಮಂದಿ. ನಮ್ಮ ದೇಶದ ಓಪನ್ ಟೂರ್ನಿಗಳಲ್ಲಿ ಮೊದಲ ಬಹುಮಾನ ಲಕ್ಷಗಳಲ್ಲಿದ್ದರೂ ಪಟ್ಟಿಯಲ್ಲಿ ಕೆಳಗಿಳಿದಂತೆ ಮೊತ್ತ ಬಹಳ ಬೇಗ ಕುಸಿಯುತ್ತದೆ, ಮತ್ತು ಬಿರುದಿಲ್ಲದ ಆಟಗಾರ ಪ್ರವೇಶ ಶುಲ್ಕ, ಊಟ, ಕೋಣೆ ಎಲ್ಲವನ್ನೂ ಸ್ವಂತ ಜೇಬಿನಿಂದಲೇ ಭರಿಸುತ್ತಾನೆ.

ಉಳಿದವರ ಆದಾಯ ಬರುವುದು ಮಣೆಯ ಸುತ್ತಲಿನ ಕೆಲಸಗಳಿಂದ. ಭಾರತದ ಮಟ್ಟಿಗೆ ಇವುಗಳಲ್ಲಿ ಮೊದಲನೆಯದು ನೌಕರಿ. ಗ್ರ್ಯಾಂಡ್‌ಮಾಸ್ಟರ್ ಕೊನೇರು ಹಂಪಿ ಒಎನ್‌ಜಿಸಿಯ ಉದ್ಯೋಗಿ. ತೈಲ ಕಂಪನಿಗಳು, ರೈಲ್ವೆ, ಏರ್ ಇಂಡಿಯಾ, ಎಲ್‌ಐಸಿ ಮುಂತಾದ ಸಂಸ್ಥೆಗಳು ದಶಕಗಳ ಕಾಲ ಚೆಸ್ ಆಟಗಾರರಿಗೆ ಕೆಲಸ ಕೊಟ್ಟು, ಟೂರ್ನಿಗಳಿಗೆ ರಜೆಯನ್ನೂ ಕೊಟ್ಟು ಸಲಹಿವೆ. ಕೇಂದ್ರ ಸರ್ಕಾರದ ಕ್ರೀಡಾ ಕೋಟಾದ ಪಟ್ಟಿಯಲ್ಲಿ ಚದುರಂಗವೂ ಸೇರಿದೆ. ನಮ್ಮಲ್ಲಿ ಹೆಸರು ಮಾಡಿದ ಎಷ್ಟೋ ಆಟಗಾರರ ಹಿಂದೆ ಇಂಥದೊಂದು ತಿಂಗಳ ಸಂಬಳವಿದೆ ಎಂಬುದನ್ನು ಪತ್ರಿಕೆಗಳು ಬರೆಯುವುದೇ ಇಲ್ಲ. ಅದು ಬರೆಯಬೇಕಾದ ಸಂಗತಿಯೆಂದು ನಾನು ಭಾವಿಸುತ್ತೇನೆ. ಎರಡನೆಯದು ಯುರೋಪಿನ ಕ್ಲಬ್ ಲೀಗ್‌ಗಳು. ಜರ್ಮನಿಯ ಬುಂಡೆಸ್‌ಲಿಗಾದಲ್ಲಿ ವಾರಾಂತ್ಯಗಳಲ್ಲಿ ಪಂದ್ಯಗಳು ನಡೆಯುತ್ತವೆ, ಕ್ಲಬ್‌ಗಳು ವಿದೇಶಿ ಗ್ರ್ಯಾಂಡ್‌ಮಾಸ್ಟರ್‌ಗಳನ್ನು ಕರೆಸಿಕೊಂಡು ಆಡಿದ್ದಕ್ಕೆ ಹಣ ಕೊಡುತ್ತವೆ. ಮೂರನೆಯದು ಸೆಕೆಂಡ್ ಆಗಿ ದುಡಿಯುವುದು, ಎಂದರೆ ದೊಡ್ಡ ಆಟಗಾರನಿಗಾಗಿ ತೆರೆಮರೆಯಲ್ಲಿ ಹೊಸ ಓಪನಿಂಗ್‌ಗಳನ್ನು (ಆಟದ ಆರಂಭದ ನಡೆಗಳ ಕ್ರಮಗಳನ್ನು) ಹುಡುಕಿ ಕೊಡುವುದು. ಕೋಲ್ಕತ್ತದ ಸೂರ್ಯಶೇಖರ ಗಂಗೂಲಿ 2008, 2010 ಮತ್ತು 2012ರ ವಿಶ್ವ ಚಾಂಪಿಯನ್‌ಷಿಪ್‌ಗಳಲ್ಲಿ ವಿಶ್ವನಾಥನ್ ಆನಂದ್ ಅವರಿಗಾಗಿ ಈ ಕೆಲಸ ಮಾಡಿದರು. ಇವೆಲ್ಲವುಗಳಿಗಿಂತ ಹೆಚ್ಚು ಜನರನ್ನು ಸಾಕುತ್ತಿರುವುದು ತರಬೇತಿ. ಗ್ರ್ಯಾಂಡ್‌ಮಾಸ್ಟರ್ ಆರ್.ಬಿ. ರಮೇಶ್ 2008ರಲ್ಲಿ ಇಂಡಿಯನ್ ಆಯಿಲ್‌ನ ಕೆಲಸ ಬಿಟ್ಟು ಚೆನ್ನೈಯಲ್ಲಿ ಚೆಸ್ ಗುರುಕುಲವನ್ನು ಆರಂಭಿಸಿದರು. ಪ್ರಜ್ಞಾನಂದ ಮತ್ತು ಅವನ ಅಕ್ಕ ವೈಶಾಲಿ ಅಲ್ಲಿಯೇ ಬೆಳೆದವರು.

ಈಗ ನಿಮ್ಮ ಮಗನ ವಿಷಯ. 2024ರ ಮಾರ್ಚ್‌ನಲ್ಲಿ ಫಿಡೆ ತನ್ನ ರೇಟಿಂಗ್ ಪದ್ಧತಿಯನ್ನು ಬದಲಾಯಿಸಿ, 2000ಕ್ಕಿಂತ ಕೆಳಗಿದ್ದ ಎಲ್ಲ ಆಟಗಾರರಿಗೂ ಅವರ ರೇಟಿಂಗ್ ಮತ್ತು 2000ದ ನಡುವಿನ ಅಂತರದಲ್ಲಿ ಶೇಕಡಾ 40ರಷ್ಟನ್ನು ಸೇರಿಸಿಕೊಟ್ಟಿತು. ಆದ್ದರಿಂದ ಇಂದಿನ 1650 ಹಿಂದಿನ ಲೆಕ್ಕದಲ್ಲಿ ಸುಮಾರು 1420ಕ್ಕೆ ಸಮ. ಹನ್ನೊಂದರ ಹುಡುಗನಿಗೆ ಇದು ಸಂತೋಷಪಡಬೇಕಾದ ಮಟ್ಟವೇ ಸರಿ, ಆದರೆ ಶಾಲೆ ಬಿಡಿಸುವ ಮಟ್ಟವಲ್ಲ. ಪ್ರಜ್ಞಾನಂದ 2016ರಲ್ಲಿ ಇನ್ನೂ 11 ತುಂಬುವ ಮೊದಲೇ ಇಂಟರ್‌ನ್ಯಾಷನಲ್ ಮಾಸ್ಟರ್ ಆಗಿದ್ದನು. ಆ ಬಿರುದಿಗೆ 2400 ರೇಟಿಂಗ್ ಬೇಕು. ಗುಕೇಶ್ 12 ವರ್ಷ 7 ತಿಂಗಳಿಗೆ ಗ್ರ್ಯಾಂಡ್‌ಮಾಸ್ಟರ್ ಆದರು. ಅವರು ನಾಲ್ಕನೆಯ ತರಗತಿಯ ನಂತರ ಪೂರ್ಣಾವಧಿಯ ಶಾಲೆ ಬಿಟ್ಟದ್ದು ನಿಜ, ಕಿವಿ-ಮೂಗು-ಗಂಟಲು ತಜ್ಞರಾದ ಅವರ ತಂದೆ ಮಗನೊಂದಿಗೆ ಪ್ರಯಾಣಿಸಲು ವೈದ್ಯವೃತ್ತಿಯನ್ನೇ ನಿಲ್ಲಿಸಿದ್ದೂ ನಿಜ. ಆದರೆ ಆ ವರ್ಷಗಳಲ್ಲಿ ಸೂಕ್ಷ್ಮಜೀವಿ ವಿಜ್ಞಾನಿಯಾದ ತಾಯಿಯ ಸಂಪಾದನೆ ಮನೆಯನ್ನು ನಡೆಸಿತು, ತಂದೆ-ತಾಯಿಯ ಸ್ನೇಹಿತರು ಹಣದ ನೆರವು ನೀಡಿದರು, ಶಾಲೆಯೂ ಬೆಂಬಲವಾಗಿ ನಿಂತಿತು. ಆ ಕುಟುಂಬದ ಧೈರ್ಯವನ್ನು ಅನುಕರಿಸಲು ಹೊರಡುವವರು ಆ ಧೈರ್ಯಕ್ಕೆ ಆಸರೆಯಾಗಿದ್ದವುಗಳನ್ನೂ ನೋಡಬೇಕು.

ಆದ್ದರಿಂದ ತೋಟವನ್ನು ಮಾರಬೇಡಿ. ಹುಡುಗನನ್ನು ಶಾಲೆಯಲ್ಲಿಯೇ ಇಟ್ಟುಕೊಂಡು, ದಿನಕ್ಕೆ ಎರಡು ಗಂಟೆಯ ಶಿಸ್ತಿನ ಅಭ್ಯಾಸ ಮತ್ತು ವಾರಕ್ಕೆ ಎರಡು ಬಾರಿ ಆನ್‌ಲೈನ್‌ನಲ್ಲಿ ಒಳ್ಳೆಯ ಕೋಚ್ ಒಬ್ಬರ ಪಾಠ, ಬೇಸಿಗೆ ಮತ್ತು ದಸರಾ ರಜೆಗಳಲ್ಲಿ ಬೆಂಗಳೂರು, ಮೈಸೂರು, ಮಂಗಳೂರುಗಳಲ್ಲಿ ನಡೆಯುವ ರೇಟಿಂಗ್ ಟೂರ್ನಿಗಳು, ಇಷ್ಟನ್ನು ಮೂರು ವರ್ಷ ಮಾಡಿ ನೋಡಿ. 18 ವರ್ಷದೊಳಗಿನ ಮಕ್ಕಳ ರೇಟಿಂಗ್ 2300 ತಲುಪುವವರೆಗೆ ಅತಿ ವೇಗವಾಗಿ ಏರಿಳಿಯುವಂತೆ ಫಿಡೆಯ ಲೆಕ್ಕಾಚಾರವೇ ಇರುವುದರಿಂದ, ನಿಜವಾದ ಪ್ರತಿಭೆಯಿದ್ದರೆ ಅದು ಅಂಕಿಯಲ್ಲಿ ಕಾಣಿಸಿಕೊಳ್ಳಲು ಹೆಚ್ಚು ಕಾಲ ಬೇಕಾಗುವುದಿಲ್ಲ. ಹದಿನಾಲ್ಕರ ಒಳಗೆ 2200 ದಾಟಿದರೆ ಆಗ ಮತ್ತೆ ಬರೆಯಿರಿ, ಚೆನ್ನೈಯ ಮಾತನ್ನು ಆಗ ಆಡೋಣ. ಇದು ನನ್ನ ವೈಯಕ್ತಿಕ ಅಳತೆಗೋಲು. ಬೇರೆ ತರಬೇತುದಾರರು ನೂರು ಅಂಕ ಹೆಚ್ಚು ಕಡಿಮೆ ಹೇಳಿಯಾರು. ಶಾಲೆ ಮತ್ತು ಆಟ ಒಟ್ಟಿಗೆ ಸಾಗವು ಎಂಬ ಮಾತನ್ನಂತೂ ನಂಬಬೇಡಿ. ಆನಂದ್ ಚೆನ್ನೈಯ ಲೊಯೋಲಾ ಕಾಲೇಜಿನ ವಾಣಿಜ್ಯ ಪದವೀಧರರು. 1935ರಲ್ಲಿ ವಿಶ್ವ ಚಾಂಪಿಯನ್ ಆದ ಡಚ್ ಆಟಗಾರ ಮ್ಯಾಕ್ಸ್ ಯೂವೆ ಗಣಿತದ ಮೇಷ್ಟರಾಗಿದ್ದರು. 1948ರಲ್ಲಿ ಚಾಂಪಿಯನ್ ಆದ ಸೋವಿಯತ್ ಒಕ್ಕೂಟದ ಬೊತ್ವಿನ್ನಿಕ್ ವೃತ್ತಿಯಲ್ಲಿ ಎಲೆಕ್ಟ್ರಿಕಲ್ ಎಂಜಿನಿಯರ್.

ಪ್ರಶ್ನೆ: ನಾನು ಪದವಿ ವಿದ್ಯಾರ್ಥಿ, 19 ವರ್ಷ, ರೇಟಿಂಗ್ 1900. ಈಗ ಹತ್ತು ವರ್ಷದ ಮಕ್ಕಳೇ ನನ್ನನ್ನು ಸೋಲಿಸುತ್ತಾರೆ. ನನ್ನ ಕಾಲ ಮುಗಿಯಿತೆ? (ಭದ್ರಾವತಿ)

ಉತ್ತರ: ವಿಶ್ವ ಚಾಂಪಿಯನ್ ಆಗುವ ಕಾಲ ಮುಗಿದಿದೆ ಎಂದು ನೇರವಾಗಿಯೇ ಹೇಳಬೇಕು. ಚದುರಂಗದಲ್ಲಿ ಬದುಕು ಕಟ್ಟಿಕೊಳ್ಳುವ ಕಾಲ ಮುಗಿದಿಲ್ಲ. ಕರ್ನಾಟಕದ ಮೊದಲ ಗ್ರ್ಯಾಂಡ್‌ಮಾಸ್ಟರ್, ಮೈಸೂರಿನ ಎಂ.ಎಸ್. ತೇಜ್‌ಕುಮಾರ್, 2017ರಲ್ಲಿ ಆ ಬಿರುದು ಪಡೆದಾಗ ಮೂವತ್ತರ ಗಡಿಯನ್ನು ದಾಟಿದ್ದರು. ಅವರ ನಂತರ ಆ ಬಿರುದು ಪಡೆದ ಜಿ.ಎ. ಸ್ಟ್ಯಾನಿ ನಮ್ಮ ಶಿವಮೊಗ್ಗ ಜಿಲ್ಲೆಯವರೇ. 1988ರಲ್ಲೇ ಆನಂದ್ ಭಾರತದ ಮೊದಲ ಗ್ರ್ಯಾಂಡ್‌ಮಾಸ್ಟರ್ ಆಗಿದ್ದರೂ ಕರ್ನಾಟಕ ಮತ್ತೆ ಸುಮಾರು ಮೂರು ದಶಕ ಕಾಯಬೇಕಾಯಿತು. ನಮ್ಮಲ್ಲಿ ಪ್ರತಿಭೆ ಇರಲಿಲ್ಲವೆಂದು ಇದರ ಅರ್ಥವಲ್ಲ. ಚೆನ್ನೈಯಲ್ಲಿ ಇದ್ದಷ್ಟು ಕೋಚ್‌ಗಳು, ಟೂರ್ನಿಗಳು, ಜೊತೆಗೆ ಆಡುವ ಸಮಬಲದ ಎದುರಾಳಿಗಳು ಇಲ್ಲಿ ಇರಲಿಲ್ಲ. ಈ ಕೊರತೆಯನ್ನು ತುಂಬಬೇಕಾದವರು ನಿಮ್ಮಂಥವರೇ ಎಂಬುದು ನನ್ನ ದೃಢವಾದ ನಂಬಿಕೆ.

1900 ರೇಟಿಂಗ್‌ನ ಆಟಗಾರ ಆರಂಭಿಕರಿಗೆ ಅತ್ಯುತ್ತಮ ಶಿಕ್ಷಕನಾಗಬಲ್ಲ. ಶಿವಮೊಗ್ಗ, ಸಾಗರ, ಶಿಕಾರಿಪುರಗಳ ಶಾಲೆಗಳಲ್ಲಿ ಚೆಸ್ ಕಲಿಸುವವರಿಗೆ ಬೇಡಿಕೆಯಿದೆ, ಆದರೆ ಕಲಿಸುವವರಲ್ಲಿ ಅನೇಕರು ಸ್ವತಃ ರೇಟಿಂಗ್ ಟೂರ್ನಿಯನ್ನೇ ಆಡಿದವರಲ್ಲ. ಪದವಿ ಮುಗಿಸುತ್ತಲೇ ಫಿಡೆಯ ತರಬೇತುದಾರರ ಕೋರ್ಸ್ ಮಾಡಿಕೊಳ್ಳಿ. ಇನ್ನೊಂದು ದಾರಿ ಆರ್ಬಿಟರ್, ಎಂದರೆ ಪಂದ್ಯದ ತೀರ್ಪುಗಾರನ ಕೆಲಸ. ರಾಷ್ಟ್ರಮಟ್ಟದ ಪರೀಕ್ಷೆ ಬರೆದು, ಟೂರ್ನಿಗಳಲ್ಲಿ ಸಹಾಯಕನಾಗಿ ದುಡಿದು, ಹಂತ ಹಂತವಾಗಿ ಫಿಡೆ ಆರ್ಬಿಟರ್, ಆಮೇಲೆ ಇಂಟರ್‌ನ್ಯಾಷನಲ್ ಆರ್ಬಿಟರ್ ಆಗಬಹುದು. ನಿಯಮ, ಗಡಿಯಾರ, ಜೋಡಿ ನಿಗದಿಪಡಿಸುವ ಸಾಫ್ಟ್‌ವೇರ್, ಮೊಬೈಲ್ ಮೋಸ ತಡೆಯುವ ತಪಾಸಣೆ ಇವೆಲ್ಲ ತಿಳಿದ, ಮಕ್ಕಳೊಂದಿಗೆ ತಾಳ್ಮೆಯಿಂದ ಮಾತನಾಡಬಲ್ಲ ಆರ್ಬಿಟರ್‌ಗಳು ಮಲೆನಾಡಿನಲ್ಲಿ ಬೆರಳೆಣಿಕೆಯಷ್ಟೇ ಇದ್ದಾರೆ. ಆಡುವುದನ್ನೂ ಬಿಡಬೇಡಿ. ಹತ್ತು ವರ್ಷದ ಮಗುವಿನ ಎದುರು ಸೋತರೆ ಸಂಕೋಚಪಡಬೇಕಾಗಿಲ್ಲ. ಆ ಮಗುವಿನ ಎದುರು ಗ್ರ್ಯಾಂಡ್‌ಮಾಸ್ಟರ್‌ಗಳೂ ಸೋಲುವ ಕಾಲವಿದು.

ಪ್ರಶ್ನೆ: ನನ್ನ ಮಗಳು ರಾಜ್ಯಮಟ್ಟದಲ್ಲಿ ಆಡುತ್ತಾಳೆ. ಹೆಣ್ಣುಮಕ್ಕಳು ಈ ಆಟದಲ್ಲಿ ಎಷ್ಟು ದಿನ ಮುಂದುವರಿಯಬಹುದು, ಮದುವೆಯಾದ ಮೇಲೆ ಎಲ್ಲ ನಿಂತುಹೋಗುವುದಿಲ್ಲವೆ ಎಂದು ಮನೆಯ ಹಿರಿಯರು ಕೇಳುತ್ತಾರೆ. ನಾನು ಏನು ಹೇಳಲಿ? (ಸಾಗರ)

ಉತ್ತರ: ಅಮ್ಮಾ, ಹಿರಿಯರಿಗೆ ಮೂವರ ಬದುಕನ್ನು ಹೇಳಿ. ಕೊನೇರು ಹಂಪಿ 2002ರಲ್ಲಿ 15ನೆಯ ವಯಸ್ಸಿಗೆ ಗ್ರ್ಯಾಂಡ್‌ಮಾಸ್ಟರ್ ಆದರು. ಮದುವೆಯಾಗಿ, 2017ರಲ್ಲಿ ತಾಯಿಯಾಗಿ, ಸುಮಾರು ಎರಡು ವರ್ಷ ಆಟದಿಂದ ದೂರವಿದ್ದು, ಮರಳಿ ಬಂದು 2019ರಲ್ಲಿ ಮಾಸ್ಕೋದಲ್ಲಿ, ಕಡಿಮೆ ಅವಧಿಯ ಪಂದ್ಯಗಳ ವಿಶ್ವ ರ‍್ಯಾಪಿಡ್ ಚಾಂಪಿಯನ್ ಆದರು, 2024ರಲ್ಲಿ ನ್ಯೂಯಾರ್ಕ್‌ನಲ್ಲಿ ಅದೇ ಪ್ರಶಸ್ತಿಯನ್ನು ಮತ್ತೊಮ್ಮೆ ಗೆದ್ದರು. ದ್ರೋಣವಲ್ಲಿ ಹಾರಿಕಾ 2022ರಲ್ಲಿ ಚೆನ್ನೈ ಬಳಿಯ ಮಾಮಲ್ಲಪುರದ ಒಲಿಂಪಿಯಾಡ್‌ನಲ್ಲಿ ತುಂಬು ಗರ್ಭಿಣಿಯಾಗಿ ಆಡಿದರು, ಭಾರತದ ವನಿತೆಯರ ತಂಡ ಕಂಚು ಗೆದ್ದಿತು. ನಾಗಪುರದ ದಿವ್ಯಾ ದೇಶಮುಖ್ 2025ರಲ್ಲಿ ಜಾರ್ಜಿಯಾ ದೇಶದ ಬಟುಮಿಯ ಮಹಿಳಾ ವಿಶ್ವಕಪ್ ಫೈನಲ್‌ನಲ್ಲಿ ಇದೇ ಹಂಪಿಯವರನ್ನು ಸೋಲಿಸಿ, ಆ ಗೆಲುವಿನಿಂದಲೇ ಗ್ರ್ಯಾಂಡ್‌ಮಾಸ್ಟರ್ ಬಿರುದು ಪಡೆದರು. ವಯಸ್ಸಿನಲ್ಲಿ ಸುಮಾರು ಇಪ್ಪತ್ತು ವರ್ಷ ಅಂತರವಿರುವ ಇಬ್ಬರು ಭಾರತೀಯ ಮಹಿಳೆಯರು ವಿಶ್ವಕಪ್ ಫೈನಲ್‌ನಲ್ಲಿ ಎದುರುಬದುರು ಕುಳಿತಿದ್ದರು ಎಂಬುದೇ ನಿಮ್ಮ ಹಿರಿಯರ ಪ್ರಶ್ನೆಗೆ ಉತ್ತರ.

ಆದರೆ ಹಾದಿ ಸಮನಾಗಿದೆ ಎಂದು ನಾನು ಹೇಳಲಾರೆ. 2023ರ ವಿಶ್ವಕಪ್‌ನಲ್ಲಿ ಮುಕ್ತ ವಿಭಾಗದ ವಿಜೇತರಿಗೆ 1,10,000 ಡಾಲರ್ ಇದ್ದಾಗ ಮಹಿಳಾ ವಿಜೇತರಿಗೆ ಇದ್ದದ್ದು 50,000. ಭಾರತದಲ್ಲಿ 85ಕ್ಕೂ ಹೆಚ್ಚು ಗ್ರ್ಯಾಂಡ್‌ಮಾಸ್ಟರ್‌ಗಳಿರುವಾಗ ಅವರಲ್ಲಿ ಮಹಿಳೆಯರು 2025ರ ವೇಳೆಗೆ ನಾಲ್ವರೇ: ಹಂಪಿ, ಹಾರಿಕಾ, ವೈಶಾಲಿ, ದಿವ್ಯಾ. ಇದಕ್ಕೆ ಬುದ್ಧಿಶಕ್ತಿಯಲ್ಲಿ ಕಾರಣ ಹುಡುಕುವವರ ಮಾತಿಗೆ ಕಿವಿಗೊಡಬೇಡಿ. ಆಡಲು ಬರುವ ಹುಡುಗಿಯರ ಸಂಖ್ಯೆಯೇ ಕಡಿಮೆ, ಬಂದವರಲ್ಲೂ ಎಷ್ಟೋ ಮಂದಿ ಹತ್ತನೆಯ ತರಗತಿಗೆ ಬಿಡುತ್ತಾರೆ, ಏಕೆಂದರೆ ರಾತ್ರಿ ರೈಲಿನಲ್ಲಿ ಹುಡುಗಿಯ ಜೊತೆ ಯಾರು ಹೋಗಬೇಕೆಂಬ ಪ್ರಶ್ನೆ ಮನೆಯಲ್ಲಿ ಏಳುತ್ತದೆ. ಪ್ರಜ್ಞಾನಂದ ಮತ್ತು ವೈಶಾಲಿಯ ತಾಯಿ ನಾಗಲಕ್ಷ್ಮಿಯವರು ಮಕ್ಕಳ ಟೂರ್ನಿಗಳಿಗೆ ದೇಶ ವಿದೇಶ ಸುತ್ತಿದರು. ಎಲ್ಲ ತಾಯಂದಿರಿಗೂ ಅದು ಸಾಧ್ಯವಿಲ್ಲ. ನಿಮ್ಮ ತಾಲ್ಲೂಕಿನಲ್ಲಿ ಆಡುವ ಮೂರು ನಾಲ್ಕು ಹುಡುಗಿಯರ ಮನೆಯವರು ಒಂದಾಗಿ, ಸರದಿಯ ಮೇಲೆ ಒಬ್ಬ ಪೋಷಕರು ಎಲ್ಲರನ್ನೂ ಕರೆದೊಯ್ಯುವ ವ್ಯವಸ್ಥೆ ಮಾಡಿಕೊಳ್ಳಿ. ಖರ್ಚು ಹಂಚಿಹೋಗುತ್ತದೆ, ಹುಡುಗಿಯರಿಗೆ ಜೊತೆಯೂ ಸಿಗುತ್ತದೆ.

ಅಂದಹಾಗೆ, ಡಬ್ಲ್ಯುಜಿಎಂ (ವುಮನ್ ಗ್ರ್ಯಾಂಡ್‌ಮಾಸ್ಟರ್), ಡಬ್ಲ್ಯುಐಎಂ (ವುಮನ್ ಇಂಟರ್‌ನ್ಯಾಷನಲ್ ಮಾಸ್ಟರ್) ಎಂಬ ಮಹಿಳಾ ಬಿರುದುಗಳಿಗೆ ನಾರ್ಮ್‌ಗಳ ಜೊತೆಗೆ ಅನುಕ್ರಮವಾಗಿ 2300 ಮತ್ತು 2200 ರೇಟಿಂಗ್ ಇದ್ದರೆ ಸಾಕು. ನೌಕರಿಯ ಅರ್ಜಿಯಲ್ಲಿ ಅವು ಉಪಯೋಗಕ್ಕೆ ಬರುತ್ತವೆ, ಆದರೆ ಮಗಳ ಗುರಿಯನ್ನು ಅಲ್ಲಿಗೇ ನಿಲ್ಲಿಸಬೇಡಿ.

ಪ್ರಶ್ನೆ: ಹಿಂದಿನ ಚಾಂಪಿಯನ್‌ಗಳು ಬಡತನದಲ್ಲಿ ತೀರಿಕೊಂಡರೆಂದು ಓದಿದ್ದೇನೆ. ಈಗಲೂ ಹಾಗೆಯೇ? (ನಿವೃತ್ತ ಶಿಕ್ಷಕರು, ಶಿವಮೊಗ್ಗ)

ಉತ್ತರ: ನೀವು ಓದಿದ್ದು ಸರಿ. 1886ರಲ್ಲಿ ಮೊದಲ ಅಧಿಕೃತ ವಿಶ್ವ ಚಾಂಪಿಯನ್ ಆದ ಸ್ಟೈನಿಟ್ಜ್ 1900ರಲ್ಲಿ ನ್ಯೂಯಾರ್ಕ್‌ನಲ್ಲಿ ಕೈಯಲ್ಲಿ ಕಾಸಿಲ್ಲದೆ ತೀರಿಕೊಂಡರು. ಅವರಿಗಿಂತ ನನ್ನ ಮನಸ್ಸನ್ನು ಹೆಚ್ಚು ಕಲಕುವುದು ಪಂಜಾಬಿನ ಮೀರ್ ಸುಲ್ತಾನ್ ಖಾನ್ ಅವರ ಕಥೆ. ಜಮೀನ್ದಾರ ಸರ್ ಉಮರ್ ಹಯಾತ್ ಖಾನ್ ಅವರ ಪರಿವಾರದೊಂದಿಗೆ ಇಂಗ್ಲೆಂಡಿಗೆ ಹೋದ ಸುಲ್ತಾನ್ ಖಾನ್ 1929, 1932 ಮತ್ತು 1933ರಲ್ಲಿ ಬ್ರಿಟಿಷ್ ಚಾಂಪಿಯನ್ ಆದರು. ಯಜಮಾನರು ಊರಿಗೆ ಮರಳಿದಾಗ ಅವರೂ ಮರಳಿದರು, ದೊಡ್ಡ ಟೂರ್ನಿಗಳು ಅಲ್ಲಿಗೇ ಮುಗಿದವು; ಉಳಿದ ಬದುಕನ್ನು ಅವರು ಬೇಸಾಯದಲ್ಲಿ ಕಳೆದು 1966ರಲ್ಲಿ ನಿಧನರಾದರು. ಫಿಡೆ ಅವರಿಗೆ ಗೌರವ ಗ್ರ್ಯಾಂಡ್‌ಮಾಸ್ಟರ್ ಬಿರುದು ಕೊಟ್ಟದ್ದು 2024ರಲ್ಲಿ. ಅವರ ಆಟ ನಿಂತದ್ದು ಶಕ್ತಿ ಕುಂದಿದ್ದರಿಂದಲ್ಲ. ಎಲ್ಲಿ ಇರಬೇಕು, ಯಾವಾಗ ಆಡಬೇಕು ಎಂಬ ನಿರ್ಧಾರ ಅವರ ಕೈಯಲ್ಲಿ ಇರಲಿಲ್ಲ. ಇಂದಿನ ಆಟಗಾರರಿಗೆ ನೌಕರಿಯಿದೆ, ಕಲಿಸುವ ಅವಕಾಶವಿದೆ, ಪಂದ್ಯಗಳ ವೀಕ್ಷಕ ವಿವರಣೆ ಮತ್ತು ಯೂಟ್ಯೂಬ್ ಕೂಡ ಇವೆ. ಆನಂದ್ 2022ರಲ್ಲಿ ಫಿಡೆಯ ಉಪಾಧ್ಯಕ್ಷರಾದರು, ಎಳೆಯ ಗ್ರ್ಯಾಂಡ್‌ಮಾಸ್ಟರ್‌ಗಳಿಗೆ ಮಾರ್ಗದರ್ಶನವನ್ನೂ ಮಾಡುತ್ತಾರೆ. ಆದರೂ ಆಟವೊಂದನ್ನೇ ನಂಬಿ, ನೌಕರಿಯೂ ಇಲ್ಲದೆ ನಲವತ್ತು ದಾಟಿದ ಆಟಗಾರನ ಸ್ಥಿತಿ ಇಂದಿಗೂ ಕಷ್ಟದ್ದೇ.

ಪ್ರಶ್ನೆ: ನಮ್ಮ ಊರಿನಲ್ಲಿ ಮಳೆಗಾಲ ಪೂರ್ತಿ ಕರೆಂಟ್ ಇರುವುದಿಲ್ಲ, ನೆಟ್‌ವರ್ಕ್ ಗುಡ್ಡ ಹತ್ತಿದರೆ ಮಾತ್ರ. ವೃತ್ತಿಪರ ಆಟಗಾರರು ಹೇಗೆ ಅಭ್ಯಾಸ ಮಾಡುತ್ತಾರೆ, ನಾನು ಹೇಗೆ ಮಾಡಬೇಕು? (ಪಿಯುಸಿ ವಿದ್ಯಾರ್ಥಿ, ಹೊಸನಗರ ತಾಲ್ಲೂಕು)

ಉತ್ತರ: ವೃತ್ತಿಪರರು ದಿನಕ್ಕೆ ಆರರಿಂದ ಎಂಟು ಗಂಟೆ ಕೆಲಸ ಮಾಡುತ್ತಾರೆ. ಅದರಲ್ಲಿ ಹೆಚ್ಚಿನ ಪಾಲು ಕಂಪ್ಯೂಟರ್ ಮುಂದೆ, ಲಕ್ಷಾಂತರ ಪಂದ್ಯಗಳ ಸಂಗ್ರಹವನ್ನು ಜಾಲಾಡಿ ಮುಂದಿನ ಎದುರಾಳಿಯ ಓಪನಿಂಗ್‌ಗಳನ್ನು ಪರಿಶೀಲಿಸುವುದರಲ್ಲಿ ಕಳೆಯುತ್ತದೆ. ನಿಮಗೆ ಸದ್ಯಕ್ಕೆ ಅದು ಅಗತ್ಯವಿಲ್ಲ. ನೆಟ್‌ವರ್ಕ್ ಸಿಕ್ಕ ದಿನ ನೂರು ಮಾಸ್ಟರ್ ಪಂದ್ಯಗಳ ನಡೆಗಳನ್ನು ಇಳಿಸಿಕೊಂಡು ಶಾಲೆಯಲ್ಲೋ ಪೇಟೆಯಲ್ಲೋ ಮುದ್ರಿಸಿಟ್ಟುಕೊಳ್ಳಿ. ಮಳೆಗಾಲದಲ್ಲಿ ಮಣೆ ಮತ್ತು ಕಾಯಿಗಳನ್ನು ಇಟ್ಟುಕೊಂಡು, ಪ್ರತಿ ನಡೆಯನ್ನೂ ಕಾಗದದಿಂದ ಮುಚ್ಚಿ, ಮುಂದಿನ ನಡೆ ಏನಿರಬಹುದೆಂದು ಮೊದಲು ನೀವೇ ಬರೆದು, ಆಮೇಲೆ ತೆರೆದು ನೋಡಿ. ಆನೆ ಮತ್ತು ಕಾಲಾಳುಗಳ ಎಂಡ್‌ಗೇಮ್‌ಗಳನ್ನು ಕಲಿಯಲು ಕರೆಂಟ್ ಬೇಕಾಗಿಲ್ಲ. ಕಾಯಿಗಳನ್ನು ಮುಟ್ಟದೆ ಲೆಕ್ಕ ಹಾಕುವ ಅಭ್ಯಾಸ ಈ ವಿಧಾನದಿಂದ ಬರುವಷ್ಟು ಪರದೆಯಿಂದ ಬರುವುದಿಲ್ಲ ಎಂಬುದು ನನ್ನ ಅನುಭವ. ಮಳೆ ಬಿಟ್ಟ ಮೇಲೆ, ನೀವು ಆಡಿದ ಪಂದ್ಯಗಳನ್ನು ಉಚಿತವಾಗಿ ಸಿಗುವ, ನಡೆಗಳನ್ನು ಪರಿಶೀಲಿಸಿ ತಪ್ಪು ತೋರಿಸುವ ಸ್ಟಾಕ್‌ಫಿಶ್ ಎಂಜಿನ್‌ಗೆ ತೋರಿಸಿ. ಆದರೆ ಎಲ್ಲಿ ತಪ್ಪಿದೆನೆಂದು ಮೊದಲು ನಿಮ್ಮ ಕೈಬರಹದಲ್ಲಿ ಬರೆದಿಟ್ಟ ನಂತರವೇ ತೋರಿಸಿ. ಲಿಚೆಸ್ ಎಂಬ ತಾಣದಲ್ಲಿ ಪಂದ್ಯ, ಸಮಸ್ಯೆ, ವಿಶ್ಲೇಷಣೆ ಎಲ್ಲವೂ ಹಣ ಕೊಡದೆ ಸಿಗುತ್ತವೆ, ಜಾಹೀರಾತೂ ಇಲ್ಲ.

ದೇಹವನ್ನು ಮರೆಯಬೇಡಿ. ಕಾರ್ಪೋವ್ ಮತ್ತು ಕಾಸ್ಪರೋವ್ ನಡುವೆ 1984ರ ಸೆಪ್ಟೆಂಬರ್‌ನಲ್ಲಿ ಆರಂಭವಾದ ವಿಶ್ವ ಚಾಂಪಿಯನ್‌ಷಿಪ್ ಐದು ತಿಂಗಳು ನಡೆದು, 48 ಪಂದ್ಯಗಳ ನಂತರವೂ ತೀರ್ಮಾನವಾಗದೆ 1985ರ ಫೆಬ್ರವರಿಯಲ್ಲಿ ನಿಂತಿತು. ಆ ಹೊತ್ತಿಗೆ ಕಾರ್ಪೋವ್ ಸುಮಾರು 10 ಕಿಲೋ ತೂಕ ಕಳೆದುಕೊಂಡಿದ್ದರೆಂದು ವರದಿಯಾಗಿತ್ತು. ಈಗಿನ ಕ್ಲಾಸಿಕಲ್ ಪಂದ್ಯವೂ ನಾಲ್ಕೈದು ಗಂಟೆ ಸಾಗಬಹುದು, ಕೆಲವು ಟೂರ್ನಿಗಳಲ್ಲಿ ದಿನಕ್ಕೆ ಎರಡು ಸುತ್ತುಗಳಿರುತ್ತವೆ, ಮತ್ತು ಎರಡನೆಯ ಸುತ್ತಿನ ಕೊನೆಯ ಗಂಟೆಯಲ್ಲಿ ಗೆಲ್ಲುವ ಸ್ಥಿತಿಗಳು ಕೈತಪ್ಪುವುದು ಹೆಚ್ಚಾಗಿ ದಣಿವಿನಿಂದಲೇ. ಶಾಲಾ ಕ್ರೀಡಾಕೂಟದ ತಾಲ್ಲೂಕು ಮಟ್ಟದ ಚೆಸ್ ಸ್ಪರ್ಧೆಗೆ ನಿಮ್ಮ ಕಾಲೇಜಿನ ದೈಹಿಕ ಶಿಕ್ಷಣ ಉಪನ್ಯಾಸಕರ ಬಳಿ ಹೆಸರು ಕೊಡಿ, ಅವರಿಂದಲೇ ಬೆಳಗಿನ ಓಟದ ಅಭ್ಯಾಸವನ್ನೂ ಕೇಳಿ ಪಡೆಯಿರಿ.